ಸಾಸ್ವೆಹಳ್ಳಿಯ ಚಪ್ಪರ, ಸಮುದ್ರದಾಚೆಯ ಮದುವೆ

ಕೂಡಲಿಯಲ್ಲಿ ತುಂಗೆಯೂ ಭದ್ರೆಯೂ ಒಂದಾಗಿ, ತುಂಗಭದ್ರೆಯೆಂಬ ಒಂದೇ ಹೆಸರನ್ನು ಹೊತ್ತು ಉತ್ತರಕ್ಕೆ ಹೊರಟ ಹೊಳೆ ಹೊನ್ನಾಳಿಯ ಸೀಮೆಯನ್ನು ಹೊಕ್ಕು ಹರಿಹರದ ಕಡೆಗೆ ಸಾಗುತ್ತದೆ. ಮಲೆನಾಡು ಅಲ್ಲಿಗೆ ಮುಗಿಯಿತೆನ್ನುವಂತಿಲ್ಲ. ಬಯಲುಸೀಮೆ ಮೊದಲಾಯಿತೆನ್ನುವಂತೆಯೂ ಇಲ್ಲ. ಒಂದು ಕಡೆ ಭತ್ತದ ಗದ್ದೆ, ಇನ್ನೊಂದು ಕಡೆ ಅಡಿಕೆಯ ತೋಟ, ಸ್ವಲ್ಪ ಮುಂದೆ ನಡೆದರೆ ಮೆಕ್ಕೆಜೋಳದ ಹೊಲ. ಈ ಸೀಮೆಯ ಹೋಬಳಿ ಊರು ಸಾಸ್ವೆಹಳ್ಳಿ. 1997ರಲ್ಲಿ ದಾವಣಗೆರೆ ಜಿಲ್ಲೆ ರಚಿತವಾಗುವವರೆಗೆ ಹೊನ್ನಾಳಿ ತಾಲ್ಲೂಕಿನೊಡನೆ ಇದೂ ಶಿವಮೊಗ್ಗ ಜಿಲ್ಲೆಗೆ ಸೇರಿತ್ತು. ಹೊಳೆಯ ನೀರನ್ನೆತ್ತಿ ಕೆರೆಗಳನ್ನು ತುಂಬಿಸುವ ಏತ ನೀರಾವರಿ ಯೋಜನೆಯೊಂದಕ್ಕೆ ಈ ಊರಿನ ಹೆಸರಿರುವುದರಿಂದ, ಪತ್ರಿಕೆ ಓದುವವರಿಗೆ ಸಾಸ್ವೆಹಳ್ಳಿ ಅಪರಿಚಿತವೇನಲ್ಲ.

ಬೇಸಗೆಯಲ್ಲಿ ಈ ಕಡೆ ಪಯಣಿಸುವವರಿಗೆ ದಾರಿಯುದ್ದಕ್ಕೂ ಕಾಣುವುದು ಮದುವೆಯ ಚಪ್ಪರಗಳು. ಅದಕ್ಕೆ ಪಂಚಾಂಗದಷ್ಟೇ ಬೇಸಾಯವೂ ಕಾರಣ. ಸುಗ್ಗಿ ಮುಗಿದು ಕೈಯಲ್ಲಿ ನಾಲ್ಕು ಕಾಸು ಓಡಾಡುವ ಕಾಲ. ಗಾಡಿದಾರಿ ಒಣಗಿ, ಹೊಳೆ ಇಳಿದಿರುವ ಕಾಲ. ಸೇತುವೆಗಳು ವಿರಳವಾಗಿದ್ದ ದಿನಗಳಲ್ಲಿ ತುಂಗಭದ್ರೆಯ ಆಚೆಗೆ ಹೆಣ್ಣು ಕೊಡುವುದೆಂದರೆ ಹರಿಗೋಲನ್ನು ನಂಬುವುದೆಂದೇ ಅರ್ಥ. ಮಳೆ ಹಿಡಿದು ಹೊಳೆ ತುಂಬಿದರೆ ದಿಬ್ಬಣ ಈಚೆಯ ದಡದಲ್ಲಿ, ಮುಹೂರ್ತ ಆಚೆಯ ದಡದಲ್ಲಿ! ಆಷಾಢದಲ್ಲಿ ಮದುವೆ ಕೂಡದೆಂಬ ಹಿರಿಯರ ಮಾತಿನಲ್ಲಿ ಶಾಸ್ತ್ರದ ಜೊತೆಗೆ ಹೊಳೆಯ ಭಯವೂ ಸೇರಿಕೊಂಡಿದ್ದರೆ ಆಶ್ಚರ್ಯವಿಲ್ಲ.

ನಾಳೆ ಏನಾಗುವುದೋ ಎಂಬ ಅಳುಕು ಮದುವೆಯ ಮನೆಗೆ ಹೊಸತಲ್ಲ. ಆದರೆ ಆ ಅಳುಕನ್ನು ಹೊರಲು ಅಂದು ಊರೇ ಇತ್ತು. ಅಕ್ಕಿ ಸಾಲದಾದರೆ ಪಕ್ಕದ ಮನೆಯಿಂದ ಬಂದೀತು. ಅಡಿಗೆಯವನು ಕೈಕೊಟ್ಟರೆ ಕೇರಿಯ ಹೆಂಗಸರು ಸೆರಗು ಕಟ್ಟಿ ನಿಂತಾರು. ದಿಬ್ಬಣ ಒಂದು ರಾತ್ರಿ ತಡವಾದರೆ ಯಾರದೋ ಜಗಲಿ ಸಿಕ್ಕೀತು. ಮುಯ್ಯಿಯೆಂಬ ಪದ್ಧತಿಯ ಹಿಂದಿನ ಲೆಕ್ಕವೂ ಇದೇ: ಇಂದು ನಿನ್ನ ಮನೆಯ ಭಾರಕ್ಕೆ ನಾನು, ನಾಳೆ ನನ್ನ ಮನೆಯ ಭಾರಕ್ಕೆ ನೀನು.

ಈಗ ಇಂಥ ಊರುಗಳ ಮಕ್ಕಳು ಬೆಂಗಳೂರನ್ನೂ ದಾಟಿ ದುಬೈ, ಸಿಂಗಪುರ, ಅಮೆರಿಕಗಳಲ್ಲಿ ನೆಲೆಸಿದ್ದಾರೆ. ಮದುವೆಯೂ ಕೆಲವೊಮ್ಮೆ ಸಮುದ್ರದಾಚೆಗೆ ಹೋಗಲು ಹವಣಿಸುತ್ತದೆ: ಬಾಲಿಯ ಕಡಲ ದಂಡೆ, ಫುಕೆಟ್ಟಿನ ಹೋಟೆಲು. ಸಾಸ್ವೆಹಳ್ಳಿಯ ಕಡೆಯ ಅಂಥದೊಂದು ಮನೆಯನ್ನು ಕಲ್ಪಿಸಿಕೊಳ್ಳಬಹುದು. ಮೊಮ್ಮಗ ದೂರವಾಣಿಯಲ್ಲಿ ಉತ್ಸಾಹದಿಂದ ವರ್ಣಿಸುತ್ತಾನೆ. ಎಂಬತ್ತು ದಾಟಿದ ಅಜ್ಜಿ ಎಲ್ಲವನ್ನೂ ಕೇಳಿ, “ಅಲ್ಲಪ್ಪಾ, ನಾನು ಅಕ್ಷತೆ ಹಾಕೋದು ಎಲ್ಲಿಂದ?” ಎಂದು ಮಾತ್ರ ಕೇಳುತ್ತಾಳೆ. ಮಂಡಿನೋವಿನ ಆ ಮುದುಕಿಗೆ ರಹದಾರಿಯಿಲ್ಲ. ವಿಮಾನದಲ್ಲಿ ಕೂರಲು ವೈದ್ಯರು ಒಪ್ಪುವರೆಂಬ ಭರವಸೆಯಿಲ್ಲ. ಹೋಟೆಲಿಗೆ ಮುಂಗಡ ಕೊಡುವ ಮೊದಲೇ ಉತ್ತರ ಸಿಗಬೇಕಾದ ಪ್ರಶ್ನೆ ಅದು. ಅನೇಕ ಮನೆಗಳಲ್ಲಿ ಅದು ಕೇಳಿಬರುವುದು ಮುಂಗಡ ಕೊಟ್ಟ ಮೇಲೆ.

ದೂರದ ಮದುವೆಗೆ ಒದಗಬಹುದಾದ ವಿಘ್ನಗಳು ಕೇವಲ ಕಲ್ಪನೆಯವಲ್ಲ. 2017ರ ನವೆಂಬರಿನಲ್ಲಿ ಬಾಲಿಯ ಆಗುಂಗ್ ಪರ್ವತ ಬೂದಿಯುಗುಳಿದಾಗ ಆ ದ್ವೀಪದ ವಿಮಾನ ನಿಲ್ದಾಣವನ್ನೇ ಮುಚ್ಚಬೇಕಾಯಿತು. ಸಾವಿರಾರು ಪ್ರವಾಸಿಗಳು ಅಲ್ಲಲ್ಲೇ ಉಳಿದರು. 2020ರ ಮಾರ್ಚಿಯಲ್ಲಿ ಕೊರೋನಾ ವ್ಯಾಧಿಯ ಕಾರಣ ಭಾರತದಿಂದ ಹೊರದೇಶಗಳಿಗೆ ನಿಯತವಾಗಿ ಹಾರುತ್ತಿದ್ದ ವಿಮಾನಗಳು ನಿಂತವು. ಅವು ಪೂರ್ಣವಾಗಿ ಮತ್ತೆ ಆರಂಭವಾದದ್ದು 2022ರ ಮಾರ್ಚಿಯಲ್ಲಿ. ನಡುವೆ ಊರಿನ ಮದುವೆಗೂ ಐವತ್ತು ಜನರ ಮಿತಿ ಬಂದಿತ್ತು. ಹೊರದೇಶವೇ ಬೇಕೆಂದಿಲ್ಲ. 2025ರ ಡಿಸೆಂಬರಿನಲ್ಲಿ ದೇಶದೊಳಗಿನ ವಿಮಾನಗಳು ಸಾಲುಸಾಲಾಗಿ ರದ್ದಾದಾಗ, ಹುಬ್ಬಳ್ಳಿಯ ಆರತಕ್ಷತೆಯೊಂದಕ್ಕೆ ನವದಂಪತಿಗಳೇ ಬಂದು ಸೇರಲಾಗಲಿಲ್ಲ. ನೆಂಟರು ತೆರೆಯ ಮೇಲೆ ಅವರನ್ನು ಕಂಡು ಹರಸಿದರು. ವೇದಿಕೆಯ ಪೀಠಗಳಲ್ಲಿ ವಧುವಿನ ತಂದೆತಾಯಿಗಳು ಕುಳಿತರು. ಪತ್ರಿಕೆಗಳಲ್ಲಿ ಆ ಸುದ್ದಿಯನ್ನು ಓದಿ ನಕ್ಕವರುಂಟು. ಆದರೆ ಆ ಮನೆಯವರು ಕೂಟವನ್ನು ಮುರಿಯದೆ, ಬಂದವರಿಗೆ ಊಟವಿಕ್ಕಿ, ಕಾರ್ಯವನ್ನು ನಡೆಸಿಯೇ ಬಿಟ್ಟರೆಂಬುದು ನಗುವುದಕ್ಕಿಂತ ಮೆಚ್ಚಬೇಕಾದ ವಿಷಯ.

ಹಾಗಾದರೆ ಅನಿಶ್ಚಯವನ್ನು ಎದುರಿಸುವ ಬಗೆ ಯಾವುದು? ಮೊದಲು ಅದನ್ನು ವಿಂಗಡಿಸುವುದು ಲೇಸು. ಕೆಲವು ಅನಿಶ್ಚಯಗಳು ಕಾಗದಪತ್ರಗಳಿಂದ ತೀರುತ್ತವೆ. ರಹದಾರಿ ಕೈಯಲ್ಲಿದ್ದರಷ್ಟೇ ಸಾಲದು. ಪ್ರಯಾಣದ ದಿನದಿಂದ ಇನ್ನೂ ಆರು ತಿಂಗಳು ಅದರ ಅವಧಿ ಉಳಿದಿರಬೇಕೆಂದು ಅನೇಕ ದೇಶಗಳು ಕೇಳುತ್ತವೆ. ವೀಸಾ ಬೇಡವೆಂದ ದೇಶ ಮುಂದಿನ ವರ್ಷ ಬೇಕೆನ್ನಬಹುದು. ನೆಂಟರಿಗಷ್ಟೇ ಅಲ್ಲ, ಜೊತೆಗೆ ಹೊರಡುವ ಪುರೋಹಿತರಿಗೂ ಅಡಿಗೆಯವರಿಗೂ ಇವೆಲ್ಲ ಬೇಕು. ಮೈಮೇಲಿನ ಒಡವೆಗಳ ವಿವರವನ್ನು ಹೊರಡುವಾಗಲೇ ಸುಂಕದ ಅಧಿಕಾರಿಗಳಿಗೆ ತೋರಿಸಿ ಪ್ರಮಾಣಪತ್ರ ಪಡೆದರೆ, ಮರಳುವಾಗ ಅವು ತಮ್ಮವೇ ಎಂದು ವಾದಿಸುವ ತೊಂದರೆ ತಪ್ಪುತ್ತದೆ.

ಎಲ್ಲಕ್ಕಿಂತ ಮುಖ್ಯವಾದದ್ದು ಮದುವೆಗೆ ಕಾನೂನಿನ ಮುದ್ರೆ. 1969ರ ವಿದೇಶೀ ವಿವಾಹ ಕಾಯಿದೆಯಂತೆ ಹೊರದೇಶದಲ್ಲಿ ಭಾರತದ ವಿವಾಹಾಧಿಕಾರಿಯ ಮುಂದೆ ಮದುವೆಯಾಗಬಹುದು. ಆದರೆ ವಧೂವರರಲ್ಲಿ ಒಬ್ಬರಾದರೂ ನೋಟೀಸು ಕೊಡುವ ಮೊದಲು ಮೂವತ್ತು ದಿನ ಆ ಸ್ಥಳದಲ್ಲಿ ವಾಸವಾಗಿರಬೇಕು. ನಾಲ್ಕು ದಿನಕ್ಕೆಂದು ಬಾಲಿಗೆ ಹೋಗುವವರಿಗೆ ಇದು ಸಾಧ್ಯವಿಲ್ಲ. ಆದ್ದರಿಂದ ಊರಿನಲ್ಲಿಯೇ ಮದುವೆಯಾಗಿ ನೋಂದಾಯಿಸಿ, ಸಮುದ್ರದಾಚೆಯದನ್ನು ಸಂಭ್ರಮಕ್ಕೆ ಮಾತ್ರ ಇಟ್ಟುಕೊಳ್ಳುವುದು ಜಾಣತನ.

ಎರಡನೆಯ ಬಗೆಯ ಅನಿಶ್ಚಯ ಹಣದಿಂದ ಹಗುರಾಗುವಂಥದು. ದಿನ ಬದಲಾದರೆ ಮುಂಗಡ ಎಷ್ಟು ಹಿಂದಿರುಗುತ್ತದೆ, ಪ್ರಕೃತಿವಿಕೋಪವಾದರೆ ಯಾರ ಹೊಣೆ ಎಂಬುದು ಬಾಯಿಮಾತಿನಲ್ಲಿ ಉಳಿಯದೆ ಬರೆಹದಲ್ಲಿರಬೇಕು. ಪ್ರಯಾಣದ ವಿಮೆಯನ್ನು ಬೇಗ ಮಾಡಿಸಬೇಕು. ಪರ್ವತ ಹೊಗೆಯಾಡತೊಡಗಿದ ಮೇಲೆ ಕೊಂಡ ವಿಮೆ ಆ ಪರ್ವತದಿಂದಾದ ನಷ್ಟವನ್ನು ಸಾಮಾನ್ಯವಾಗಿ ತುಂಬಿಕೊಡುವುದಿಲ್ಲ. ವಧೂವರರೂ ಅವರ ತಂದೆತಾಯಿಗಳೂ ಮುಹೂರ್ತಕ್ಕೆ ಎರಡು ಮೂರು ದಿನ ಮೊದಲೇ ತಲುಪುವುದು ಕ್ಷೇಮ. ಮಾಂಗಲ್ಯವಂತೂ ಕೈಚೀಲದಲ್ಲಿಯೇ ಇರಬೇಕು.

ಮೂರನೆಯದು ಯಾವ ಕಾಗದದಿಂದಲೂ ಯಾವ ಹಣದಿಂದಲೂ ತೀರದ್ದು: ವ್ಯಾಧಿ, ಯುದ್ಧ, ಹಿರಿಯರ ಆಯುಷ್ಯ. ಇದಕ್ಕಿರುವ ಉಪಾಯ ಒಂದೇ. ಬಿಡಬಹುದಾದದ್ದು ಯಾವುದು, ಬಿಡಲಾಗದ್ದು ಯಾವುದು ಎಂದು ಮನೆಮಂದಿಯೆಲ್ಲ ಕುಳಿತು ಮೊದಲೇ ತೀರ್ಮಾನಿಸುವುದು. ಈ ಸೀಮೆಗೆ ನೆರೆಯ ಶಿವಮೊಗ್ಗ ಜಿಲ್ಲೆಯ ಕುಪ್ಪಳಿಯ ಕುವೆಂಪು ಅವರು ಮಂತ್ರಮಾಂಗಲ್ಯದ ಸರಳ ವಿವಾಹವನ್ನು ರೂಪಿಸಿ, ಮದುವೆಗೆ ನಿಜವಾಗಿ ಬೇಕಾದದ್ದು ಎಷ್ಟು ಸ್ವಲ್ಪವೆಂಬುದನ್ನು ನಾಡಿಗೆ ತೋರಿಸಿಕೊಟ್ಟರು. ಆ ಸ್ವಲ್ಪವನ್ನು ಭದ್ರಪಡಿಸಿಕೊಂಡವರಿಗೆ ಉಳಿದದ್ದು ತಪ್ಪಿದರೂ ಮದುವೆ ತಪ್ಪಿದಂತಾಗುವುದಿಲ್ಲ.

ಕಲ್ಪಿಸಿದ ಆ ಮನೆಯ ಅಜ್ಜಿಗೂ ಉತ್ತರ ಸಿಗುವುದು ಇಲ್ಲಿಯೇ. ಧಾರೆ ಸಾಸ್ವೆಹಳ್ಳಿಯಲ್ಲಿ, ಮನೆಯ ಮುಂದಿನ ಚಪ್ಪರದಲ್ಲಿ. ಗೆಳೆಯರ ಕೂಟ ಎಲ್ಲಿ ಬೇಕಾದರೂ ಆಗಲಿ. ಮೊಮ್ಮಗನ ಸ್ನೇಹಿತರು ದೂರದಿಂದ ಬಂದರೆ ಅವರಿಗೆ ನೋಡುವುದಕ್ಕೆ ಇಲ್ಲೇನೂ ಕೊರತೆಯಿಲ್ಲ. ಚನ್ನಗಿರಿ ತಾಲ್ಲೂಕಿನಲ್ಲಿ, ಸಮುದ್ರದ ಹಂಬಲವನ್ನು ಕೊಂಚ ತಣಿಸಬಲ್ಲಷ್ಟು ವಿಸ್ತಾರವಾದ ಸೂಳೆಕೆರೆಯಿದೆ. ಸಂತೇಬೆನ್ನೂರಿನಲ್ಲಿ 16ನೆಯ ಶತಮಾನದ ಪುಷ್ಕರಿಣಿ ನೀರಿನ ನಡುವೆ ಮಂಟಪವನ್ನು ಹೊತ್ತು ನಿಂತಿದೆ. ಈಚೆಗೆ ತಾಲ್ಲೂಕಾದ ನ್ಯಾಮತಿಯ ಕಡೆ ತೀರ್ಥರಾಮೇಶ್ವರದ ಬತ್ತದ ಚಿಲುಮೆಯಿದೆ. ಮೇಲುಗಡೆ ಕೂಡಲಿಯ ಸಂಗಮವಿದೆ. ಶಿವಮೊಗ್ಗದ ಸೋಗಾನೆಯಲ್ಲಿ 2023ರಿಂದ ವಿಮಾನ ನಿಲ್ದಾಣವೂ ಇರುವುದರಿಂದ ಬರುವವರ ದಾರಿ ಮೊದಲಿಗಿಂತ ಸುಗಮವಾಗಿದೆ.

ಒಂದು ವೇಳೆ ಕೊನೆಯ ಗಳಿಗೆಯಲ್ಲಿ ದ್ವೀಪದ ಮೇಲೆ ಬೂದಿ ಕವಿದು ವಿಮಾನ ಏಳದೆ ಹೋದರೆ, ತಪ್ಪಿಹೋಗುವುದು ಒಂದು ಔತಣ ಮಾತ್ರ. ಅದನ್ನು ಇನ್ನೊಮ್ಮೆ ಏರ್ಪಡಿಸಬಹುದು. ನಡುಗುವ ಕೈಯಿಂದ ಅಜ್ಜಿ ಹಾಕಿದ ಅಕ್ಷತೆ ಮಾತ್ರ ಆ ಹೊತ್ತಿಗೆ ಮಕ್ಕಳ ತಲೆಯ ಮೇಲೆ ಬಿದ್ದಾಗಿರುತ್ತದೆ.