ಎಲ್ಜಿನ್ ಮಂದಿರದ ದಾರಿಯಲ್ಲಿ

ಬೆಂಗಳೂರಿನ ದಂಡು ಪ್ರದೇಶಕ್ಕೆ ಹೋಗುವವರು ಸಾಮಾನ್ಯವಾಗಿ ಏನನ್ನಾದರೂ ಕೊಳ್ಳುವುದಕ್ಕಾಗಿ ಹೋಗುವರು. ಮೊನ್ನೆ ಭಾನುವಾರ ನಾವಿಬ್ಬರು ಹೋದದ್ದು ಹಳೆಯ ಕಾಲದ ಒಂದು ಬಯಲಾಟದ ಸುಳಿವನ್ನರಸಿ. ಬಯಲಾಟವೆಂದರೆ ರಂಗಸ್ಥಳದ್ದಲ್ಲ, ಬಿಳಿಯ ತೆರೆಯ ಮೇಲಿನದು. ಸಂಗಡ ಬಂದವನು ನನ್ನ ತಮ್ಮನ ಮಗ. ಕಾಲೇಜಿನಲ್ಲಿ ಓದುವವನು, ಚಲಚ್ಚಿತ್ರವೆಂದರೆ ಊಟವನ್ನೂ ಮರೆಯುವವನು.

ರಸೆಲ್ ಮಾರುಕಟ್ಟೆಯ ಹಣ್ಣಿನ ರಾಶಿಗಳನ್ನು ದಾಟಿ, ಸಂತ ಮೇರಿಯ ದೇವಾಲಯದ ಎತ್ತರದ ಗೋಪುರವನ್ನು ಬಳಸಿ ನಡೆದೆವು. ಇದೇ ಹಿಂದೆ ಬ್ಲ್ಯಾಕ್‌ಪಲ್ಲಿ ಎನಿಸಿಕೊಂಡಿದ್ದ ಶಿವಾಜಿನಗರ. 1881ರಲ್ಲಿ ಮೈಸೂರು ರಾಜ್ಯವು ಒಡೆಯರ ಕೈಗೆ ಹಿಂದಿರುಗಿದ ಮೇಲೂ ಈ ಭಾಗವು ಬ್ರಿಟಿಷರ ವಶದಲ್ಲಿಯೇ ಉಳಿದು, 1947ರಲ್ಲಿ ಮಾತ್ರ ಮೈಸೂರಿಗೆ ಬಂದಿತು. ಆದುದರಿಂದಲೇ ಇಲ್ಲಿಯ ಬೀದಿಗಳಲ್ಲಿ ತಮಿಳು, ಉರ್ದು, ತೆಲುಗು, ಕನ್ನಡ, ಇಂಗ್ಲಿಷುಗಳು ಇಂದಿಗೂ ಒಂದರ ಹೆಗಲ ಮೇಲೊಂದು ಕೈ ಹಾಕಿಕೊಂಡು ನಡೆಯುತ್ತವೆ.

ಎಲ್ಜಿನ್ ಹಾಲ್ ಎಂಬ ಮಂದಿರವು 1896ರಲ್ಲಿ ಇಲ್ಲಿ ಕಟ್ಟಲ್ಪಟ್ಟಿತು. ಆಗಿನ ವೈಸರಾಯಿಯ ಹೆಸರು ಅದಕ್ಕೆ. ನಾಟಕ, ನೃತ್ಯಗಳಿಗೆಂದು ಹುಟ್ಟಿದ ಆ ಮಂದಿರವು ಮುಂದೆ ಮೂಕಚಿತ್ರಗಳ ಮನೆಯಾಯಿತು. ಮಾತಿನ ಚಿತ್ರಗಳು ಬಂದ ಮೇಲೆ ಎಲ್ಜಿನ್ ಟಾಕೀಸ್ ಎನಿಸಿತು. ಈಗ ಅಲ್ಲಿ ಆಟ ನಡೆಯುವುದಿಲ್ಲ.

“ದೊಡ್ಡಪ್ಪ, ಮಾತೇ ಇಲ್ಲದ ಚಿತ್ರವನ್ನು ಎರಡು ಗಂಟೆ ಹೇಗೆ ನೋಡುತ್ತಿದ್ದರು?” ಎಂದು ಹುಡುಗನು ಕೇಳಿದನು.

ಮಾತಿಲ್ಲದಿದ್ದುದೇ ಅನುಕೂಲವಾಗಿತ್ತು ಎಂದೆ. ತೆರೆಯ ಮೇಲೆ ಮೂಡುವ ಅಕ್ಷರಗಳನ್ನು ಓದಿ ಜನಕ್ಕೆ ತಿಳಿಯುವ ಭಾಷೆಯಲ್ಲಿ ಕೂಗಿ ಹೇಳುವವನೊಬ್ಬನು ದಕ್ಷಿಣ ದೇಶದ ಇಂತಹ ಮಂದಿರಗಳಲ್ಲಿ ನಿಂತಿರುತ್ತಿದ್ದನು. ಹಾರ್ಮೋನಿಯಮ್ಮು, ತಬಲಗಳ ಮೇಳವೂ ಉಂಟು. ಯಂತ್ರವು ಒಂದೇ ಇರುತ್ತಿದ್ದ ಕಡೆ ಸುರುಳಿ ಮುಗಿದಾಗಲೆಲ್ಲ ಆಟ ನಿಲ್ಲುವುದು, ದೀಪ ಹತ್ತುವುದು, ಕಡಲೆಕಾಯಿಯ ವ್ಯಾಪಾರ ಸಾಗುವುದು. ಆದರೆ ಕುದುರೆಯ ಮೇಲಿಂದ ಹಾರುವವನನ್ನು ಅರ್ಥಮಾಡಿಕೊಳ್ಳಲು ಯಾವ ಭಾಷೆ ಬೇಕು? ಮುಂದುಗಡೆ ನೆಲದ ಮೇಲೆ ಕುಳಿತ ಜಟಕಾದವನಿಗೂ ಹಿಂದಿನ ಕುರ್ಚಿಯ ಗುಮಾಸ್ತನಿಗೂ ಅದು ಒಂದೇ ಹೊತ್ತಿಗೆ ತಿಳಿಯುವುದು.

ಹಾಗೆ ಹಾರಿದವರಲ್ಲಿ ನಮ್ಮ ದೇಶದವರು ಮೆಚ್ಚಿದವನು ಎಡ್ಡಿ ಪೋಲೋ. ಈ ಹೆಸರನ್ನು ಕೇಳಿ ಹುಡುಗನು ನಕ್ಕನು. ನಗಲಿ! 1875ರಲ್ಲಿ ಹುಟ್ಟಿದ ಈ ಮನುಷ್ಯನು ಸರ್ಕಸ್ಸಿನ ಮನೆತನದವನು; ತೂಗುವ ಕೋಲಿನ ಮೇಲೆ ಲಾಗ ಹಾಕುವುದೇ ಕುಲವಿದ್ಯೆ. ಹಾಲಿವುಡ್ಡಿನ ಯೂನಿವರ್ಸಲ್ ಕಂಪನಿಯು 1915ರಲ್ಲಿ ‘ದಿ ಬ್ರೋಕನ್ ಕಾಯಿನ್’ ಎಂಬ ಧಾರಾವಾಹಿ ಚಿತ್ರವನ್ನು ತೆಗೆದಾಗ ಅದರಲ್ಲಿ ನಾಯಕ ಫ್ರಾನ್ಸಿಸ್ ಫೋರ್ಡ್, ನಾಯಿಕೆ ಗ್ರೇಸ್ ಕುನಾರ್ಡ್. ಪೋಲೋಗೆ ಸಿಕ್ಕಿದ್ದು ಬೆಂಬಲದ ಪಾತ್ರ. 1916ರ ‘ಲಿಬರ್ಟಿ’ ಎಂಬ ದನಗಾಹಿಗಳ ದೇಶದ ಕಥೆಯಲ್ಲಿಯೂ ನಾಯಿಕೆ ಮೇರಿ ವಾಲ್‌ಕ್ಯಾಂಪಳ ಹಿಂದೆ ನಿಲ್ಲುವ ಕೆಲಸವೇ. ಆದರೆ ನೋಡುವವರ ಕಣ್ಣು ಹಿಂದೆ ನಿಂತವನನ್ನು ಬಿಡಲಿಲ್ಲ. ಮುಂದೆ ‘ದಿ ಬುಲ್ಸ್ ಐ’ ಎಂಬ ಪಶ್ಚಿಮದ ಸಾಹಸಕಥೆಯಲ್ಲಿ ಅವನು ನಾಯಕನಾದನು. ಅನಂತರ ಸೈಕ್ಲೋನ್ ಸ್ಮಿತ್ ಎಂಬ ಹೆಸರಿನ ಪಾತ್ರದಲ್ಲಿ ಒಂದರ ಮೇಲೊಂದು ಸಣ್ಣ ಚಿತ್ರಗಳು ಬಂದವು.

ಯೂನಿವರ್ಸಲ್ಲಿನವರು 1916ರಲ್ಲಿಯೇ ಭಾರತದಲ್ಲಿ ತಮ್ಮ ಏಜೆನ್ಸಿಯನ್ನು ತೆರೆದಿದ್ದರು. ಆದ್ದರಿಂದ ಈ ಸುರುಳಿಗಳು ನಮ್ಮ ಊರುಗಳಿಗೆ ಧಾರಾಳವಾಗಿ ಬಂದವು. ಅಮೆರಿಕದಲ್ಲಿ ವಾರಕ್ಕೊಂದು ಕಂತು. ಇಲ್ಲಿಯವರಿಗೆ ಅಷ್ಟು ತಾಳ್ಮೆಯೆಲ್ಲಿ? ಒಂದೇ ರಾತ್ರಿ ಹಲವು ಕಂತುಗಳನ್ನು ಕೂಡಿಸಿ ತೋರಿಸುತ್ತಿದ್ದರು. ದಿವಾನ್ ಬಹದ್ದೂರ್ ಟಿ. ರಂಗಾಚಾರ್ಯರ ಅಧ್ಯಕ್ಷತೆಯಲ್ಲಿ 1927–28ರಲ್ಲಿ ವಿಚಾರಣೆ ನಡೆಸಿದ ಸಿನಿಮಾ ಸಮಿತಿಯು ಸಹ ಪೋಲೋನ ಜನಪ್ರಿಯತೆಯನ್ನು ಗುರುತಿಸಿತು. ಸಮಿತಿಯ ಮುಂದೆ ಬಂದ ಪಂಡಿತರು ಇಂತಹ ಚಿತ್ರಗಳನ್ನು ಕೀಳೆಂದು ಮೂಗುಮುರಿದದ್ದುಂಟು. ನನಗೆ ಹಾಗನ್ನಿಸದು. ಹಗಲೆಲ್ಲ ಮೂಟೆ ಹೊತ್ತವನು ಇರುಳಿನಲ್ಲಿ ಇನ್ನೊಬ್ಬನು ಬಂಡೆಯಿಂದ ಬಂಡೆಗೆ ಹಾರುವುದನ್ನು ಕಂಡು ಮೈಮರೆತರೆ ಯಾರ ಗಂಟು ಹೋಯಿತು?

ನಮ್ಮವರೂ ಕೈಕಟ್ಟಿ ಕೂಡಲಿಲ್ಲ. ಹರಿಭಾಯಿ ದೇಸಾಯರು ಬೆಂಗಳೂರಿನಲ್ಲಿಯೇ ಸೂರ್ಯ ಫಿಲ್ಮ್ ಕಂಪನಿಯನ್ನು ನಡೆಸಿ ಮೂಕಚಿತ್ರಗಳನ್ನು ತೆಗೆದರು. ಮೋಹನ ಭವನಾನಿಯವರು ಮೃಚ್ಛಕಟಿಕವನ್ನು ‘ವಸಂತಸೇನಾ’ ಎಂದು 1931ರಲ್ಲಿ ತೆರೆಗೆ ತಂದಾಗ, ಏಣಾಕ್ಷಿ ರಾಮರಾಯರು ವಸಂತಸೇನೆಯಾದರು; ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರೂ ನಮ್ಮ ಕೈಲಾಸಂ ಅವರೂ ಸುತ್ತಲಿನ ಪಾತ್ರಗಳಲ್ಲಿ ಕಾಣಿಸಿಕೊಂಡರು. ಮಾತಿನಿಂದಲೇ ಸಭೆಯನ್ನು ಕುಣಿಸುತ್ತಿದ್ದ ಕೈಲಾಸಂ ಮೂಕಚಿತ್ರದಲ್ಲಿ! ಇದಕ್ಕಿಂತ ದೊಡ್ಡ ವಿಚಿತ್ರವನ್ನು ನಾನು ಕಾಣೆ.

ಅದೇ 1931ರಲ್ಲಿ ಬೊಂಬಾಯಿಯ ‘ಆಲಂ ಆರಾ’ ಮಾತನಾಡಿತು. 1934ರಲ್ಲಿ ಕನ್ನಡದ ‘ಸತಿ ಸುಲೋಚನಾ’ ನಗರದ ಪ್ಯಾರಾಮೌಂಟ್ ಮಂದಿರದಲ್ಲಿ ಮಾತನಾಡಿತು. ಕನ್ನಡವನ್ನು ತೆರೆಯ ಮೇಲೆ ಕೇಳಿದ ಸಂತೋಷವು ನಮಗೆ ದೊಡ್ಡದೇ. ಆದರೆ ಅಂದಿನಿಂದ ತಮಿಳರಿಗೆ ತಮಿಳಿನ ಆಟ, ಉರ್ದುವಿನವರಿಗೆ ಹಿಂದೂಸ್ಥಾನಿಯ ಆಟ ಎಂದಾಯಿತು. ಹಿಂದೆ ಎಲ್ಲರೂ ಒಟ್ಟಿಗೆ ನೋಡುತ್ತಿದ್ದ ಚಿತ್ರಗಳು ಸದ್ದಿಲ್ಲದೆ ಪೆಟ್ಟಿಗೆ ಸೇರಿದವು.

ಪೋಲೋ ಏನಾದ? ಕೆಲವು ವರ್ಷ ಜರ್ಮನಿಯಲ್ಲಿ ಚಿತ್ರಗಳನ್ನು ಮಾಡಿ, ಮುಂದೆ ಹಾಲಿವುಡ್ಡಿಗೆ ಮರಳಿದನು. 1940ರ ದಶಕದಲ್ಲಿ ಅವನಿಗೆ ದೊರೆತವು ಪಟ್ಟಿಯಲ್ಲಿ ಹೆಸರನ್ನೂ ಹಾಕದಂತಹ ಸಣ್ಣ ಪಾತ್ರಗಳು. ಬೆಂಬಲಕ್ಕೆ ನಿಂತು ನಾಯಕನಾದವನು ಗುಂಪಿನೊಳಗೊಬ್ಬನಾದನು. ತೀರಿಕೊಂಡದ್ದು 1961ರಲ್ಲಿ.

“ಅವನು ಹಾರಿದ್ದನ್ನು ಈಗ ಎಲ್ಲಿ ನೋಡಬಹುದು, ದೊಡ್ಡಪ್ಪ?” ಎಂದು ಹುಡುಗನು ದೂರವಾಣಿಯನ್ನು ಜೇಬಿನಿಂದ ತೆಗೆದನು. ‘ದಿ ಬ್ರೋಕನ್ ಕಾಯಿನ್’ ಕಳೆದುಹೋದ ಚಿತ್ರವೆಂದು ಎಣಿಸಲ್ಪಟ್ಟಿದೆ. ನಮ್ಮ ದೇಶದಲ್ಲಿ ತಯಾರಾದ ಸುಮಾರು 1,300 ಮೂಕಚಿತ್ರಗಳಲ್ಲಿಯೂ ಕೈಗೆ ಸಿಕ್ಕುವವು ಬೆರಳೆಣಿಕೆಯಷ್ಟು. ಇದನ್ನು ಹೇಳಿದಾಗ ಅವನು ಸ್ವಲ್ಪ ಹೊತ್ತು ಸುಮ್ಮನಿದ್ದು, ದೂರವಾಣಿಯನ್ನು ಜೇಬಿಗಿಳಿಸಿದನು. ಅಷ್ಟರಲ್ಲಿ ಹಲಸೂರಿನ ಬಸ್ಸು ಬಂದಿತು. ನಿಲ್ಲುವ ಮೊದಲೇ ಒಬ್ಬ ತರುಣನು ಅದರ ಮೆಟ್ಟಿಲಿನ ಮೇಲಕ್ಕೆ ಹಾರಿದನು. ನಿರ್ವಾಹಕನು ಅವನನ್ನು ಉರ್ದುವಿನಲ್ಲೋ ತಮಿಳಿನಲ್ಲೋ ಗದರಿಸಿದನು, ನನಗೆ ಸರಿಯಾಗಿ ಕೇಳಿಸಲಿಲ್ಲ.