ಮಗುವಿನ ಜ್ವರವೂ ಒಳಗಣ ಚಿತ್ರವೂ

ಸಾಹಿತ್ಯಕ್ಕೆ ಮೀಸಲಾದ ಈ ಮಾಸಪತ್ರಿಕೆಯಲ್ಲಿ ಶಿಶುಗಳ ಮೂತ್ರರೋಗದ ವಿಚಾರವನ್ನು ಬರೆಯುವುದು ಉಚಿತವೇ ಎಂದು ಕೆಲವು ವಾಚಕಮಹಾಶಯರಿಗೆ ಸಂದೇಹವುಂಟಾದೀತು. ನನಗೂ ಮೊದಲು ಹಾಗೆಯೇ ತೋರಿತ್ತು. ಆದರೆ ಈ ಪತ್ರಿಕೆಯು ಹೋಗುವ ಮನೆಗಳಲ್ಲಿ ಕೂಸುಗಳಿರುವುವು. ಕೂಸಿಗೆ ಜ್ವರ ಬಂದಾಗ "ಇದೇನೂ ಅಲ್ಲ" ಎಂದು ತೀರ್ಪು ಹೇಳುವ ನನ್ನಂಥ ಹಿರಿಯರೂ ಇರುವರು. ಅಂಥ ತೀರ್ಪೊಂದನ್ನು ಹೇಳಿ ನಾನು ತಪ್ಪಿದೆನು. ಆ ತಪ್ಪನ್ನೂ ಅದರಿಂದ ಕಲಿತುದನ್ನೂ ಮರೆಮಾಡದೆ ಹೇಳುವುದೇ ಈ ಲೇಖನದ ಉದ್ದೇಶ.

ನಾನು ಮೇಲುಕೋಟೆಯ ಸಂಸ್ಕೃತ ಪಾಠಶಾಲೆಯಲ್ಲಿ ಓದಿ, ಮೂವತ್ತು ವರ್ಷಗಳಿಗೂ ಮಿಕ್ಕು ಪ್ರೌಢಶಾಲೆಗಳಲ್ಲಿ ಪಾಠ ಹೇಳಿ, ಈಗ ವಿಶ್ರಾಂತನಾಗಿ ಮಗನ ಮನೆಯಲ್ಲಿರುವೆನು. 2024ನೆಯ ಇಸವಿಯ ಮಾರ್ಚಿ ತಿಂಗಳಿನಲ್ಲಿ ನನ್ನ ಮೊಮ್ಮಗಳಿಗೆ ಹತ್ತು ತಿಂಗಳು ತುಂಬಿತ್ತು. ಒಂದು ಸಂಜೆ ಅದರ ಮೈ ಕಾದಿತು. ನೆಗಡಿಯಿಲ್ಲ, ಕೆಮ್ಮಿಲ್ಲ, ಭೇದಿಯಿಲ್ಲ; ಹಾಲು ಮಾತ್ರ ಒಲ್ಲದು; ಎರಡು ಸಲ ಕಾರಿಕೊಂಡಿತು. ಸೊಸೆಯು, "ಮಾವ, ಈಗಲೇ ಡಾಕ್ಟರ ಹತ್ತಿರ ಹೋಗಿಬರೋಣವೇ?" ಎಂದು ಕೇಳಿದಳು. ನನ್ನ ಹೆಂಡತಿಯು ದೃಷ್ಟಿ ತೆಗೆದಳು. ನಾನು ಮಗುವಿನ ಒಸಡನ್ನು ಮುಟ್ಟಿ ನೋಡಿ, "ಹಲ್ಲು ಹುಟ್ಟುವ ಜ್ವರವಮ್ಮ; ಇವಳ ಅಪ್ಪನಿಗೂ ಹೀಗೆಯೇ ಬಂದಿತ್ತು. ಮೂರು ದಿನ ನೋಡೋಣ" ಎಂದೆನು. ಮನೆಯಲ್ಲಿ ನನ್ನ ಮಾತಿಗೆ ಎದುರಿಲ್ಲ. ಮೂರು ದಿನ ನೋಡಿದೆವು. ನಾಲ್ಕನೆಯ ದಿನ ಬೆಳಗ್ಗೆ ಮಗುವು ಅಳುವ ಶಕ್ತಿಯನ್ನೂ ಕಳೆದುಕೊಂಡು ತಾಯಿಯ ತೊಡೆಯ ಮೇಲೆ ಸೋತು ಮಲಗಿದ್ದಿತು.

ಮಕ್ಕಳ ವೈದ್ಯರು ಚಿಕ್ಕ ವಯಸ್ಸಿನವರು. ಕಿವಿ, ಗಂಟಲು, ಎದೆಗಳನ್ನು ನೋಡಿ, ಎಲ್ಲಿಯೂ ಕಾರಣ ಕಾಣದೆ, "ಮೊದಲು ಮೂತ್ರವನ್ನು ಪರೀಕ್ಷಿಸಬೇಕು" ಎಂದರು. ದೊಡ್ಡವರಿಗೆ ಮೂತ್ರದಲ್ಲಿ ಸೋಂಕಾದರೆ ಉರಿಯೆಂದು ಬಾಯಿಬಿಟ್ಟು ಹೇಳುವರು. ಹಸುಗೂಸಿಗೆ ಆ ಮಾತಿಲ್ಲ. ಜ್ವರ, ವಾಂತಿ, ಹಾಲಿನ ಮೇಲೆ ಒಲ್ಲದಿಕೆ, ಇಷ್ಟೇ ಅದರ ಭಾಷೆ. ಚರ್ಮಕ್ಕೆ ಚೀಲವನ್ನಂಟಿಸಿ ಹಿಡಿದ ಮೂತ್ರದಲ್ಲಿ ಮೈಮೇಲಿನ ಕ್ರಿಮಿಗಳೂ ಬೆರೆತು ಇಲ್ಲದ ರೋಗವನ್ನು ಉಂಟೆಂದು ತೋರಿಸುವುದರಿಂದ, ಸಣ್ಣ ನಳಿಗೆಯಿಂದ ಮೂತ್ರವನ್ನು ತೆಗೆದರು. ಎರಡು ದಿನಗಳ ಮೇಲೆ ಅದರಲ್ಲಿ ಇ. ಕೋಲಿ ಎಂಬ ಕರುಳಿನ ಕ್ರಿಮಿಯು ಬೆಳೆದುದು ಕಂಡಿತು. ಅಷ್ಟರೊಳಗೆ ಔಷಧವು ನಾಟಿ ಜ್ವರವು ಇಳಿದಿದ್ದಿತು. "ಹಲ್ಲು ಹುಟ್ಟುವಾಗ ಮೈ ತುಸು ಬೆಚ್ಚಗಾಗಬಹುದು, ಮೇಷ್ಟ್ರೇ, 102 ಡಿಗ್ರಿ ಜ್ವರ ಹಲ್ಲಿನಿಂದ ಬರುವುದಿಲ್ಲ" ಎಂದು ವೈದ್ಯರು ನಯವಾಗಿಯೇ ಹೇಳಿದರು.

ನನಗೆ ನಾಚಿಕೆಯಾಯಿತು. ಹೊಗೆಯಿಂದ ಬೆಂಕಿಯನ್ನು ಊಹಿಸುವ ಅನುಮಾನಪ್ರಕರಣವನ್ನು ಎಳೆಯ ವಯಸ್ಸಿನಲ್ಲಿ ಕಂಠಪಾಠ ಮಾಡಿದವನು ನಾನು. ಹೇತುವು ಸಾಧ್ಯವನ್ನು ಬಿಟ್ಟು ಬೇರೆಡೆಯಲ್ಲಿಯೂ ಇದ್ದರೆ ಅದು ಹೇತ್ವಾಭಾಸವೆಂದು ಬಲ್ಲೆನು. ಹತ್ತು ತಿಂಗಳ ಯಾವ ಕೂಸಿಗೆ ತಾನೇ ಒಸಡು ಉಬ್ಬಿರುವುದಿಲ್ಲ? ಶಾಸ್ತ್ರವು ನಾಲಗೆಯ ಮೇಲಿದ್ದಿತು; ಬೇಕಾದ ಸಮಯಕ್ಕೆ ಬುದ್ಧಿಗೆ ಬರಲಿಲ್ಲ.

ಜ್ವರವು ಬಿಟ್ಟ ಮೇಲೆ ಒಳಗಣ ಅವಯವಗಳನ್ನು ನೋಡುವ ಪ್ರಶ್ನೆಯು ಬಂದಿತು. ಸುಶ್ರುತಸಂಹಿತೆಯ ನಿದಾನಸ್ಥಾನದಲ್ಲಿ ಒಂದು ಉಪಮೆಯುಂಟು: ಹೊಸ ಮಡಕೆಯನ್ನು ಬಾಯಿಯವರೆಗೆ ನೀರಿನಲ್ಲಿಟ್ಟರೆ ನೀರು ಪಕ್ಕಗಳಿಂದ ಒಸರಿ ಒಳಗೆ ತುಂಬುವಂತೆ, ಮೂತ್ರಾಶಯವು ಮೂತ್ರದಿಂದ ತುಂಬುವುದಂತೆ. ಇದನ್ನು ವೈದ್ಯರಿಗೆ ಹೇಳಿದೆನು. ಅವರು ಸಂತೋಷದಿಂದ ಕೇಳಿ, ಒಂದು ಕಾಗದದ ಮೇಲೆ ಚಿತ್ರ ಬರೆದು ತೋರಿಸಿದರು. ಮೂತ್ರವು ಗೋಡೆಯಿಂದ ಒಸರುವುದಿಲ್ಲ. ಎರಡು ಮೂತ್ರಪಿಂಡಗಳಿಂದ ಎರಡು ನಾಳಗಳು ಇಳಿದು, ಮೂತ್ರಾಶಯದ ಗೋಡೆಯನ್ನು ಓರೆಯಾಗಿ ತೂರಿ ಒಳಹೊಗುವುವು. ಆಶಯವು ತುಂಬಿದಾಗ ಆ ಓರೆದಾರಿಯು ಒತ್ತಲ್ಪಟ್ಟು ಮುಚ್ಚಿಕೊಳ್ಳುವುದು. ಕಮ್ಮಾರನ ತಿದಿಯ ಒಳಬಾಯಿಯ ತೊಗಲು ಹೊಕ್ಕ ಗಾಳಿಯನ್ನು ಹಿಂದಕ್ಕೆ ಬಿಡದಿರುವಂತೆ. ಕೆಲವು ಮಕ್ಕಳಲ್ಲಿ ಹುಟ್ಟಿನಿಂದಲೇ ಈ ದಾರಿಯು ಗಿಡ್ಡವಾಗಿರುವುದರಿಂದ ಮೂತ್ರವು ಹಿಂದಕ್ಕೆ, ಪಿಂಡದ ಕಡೆಗೆ, ಏರುವುದು. ಅದರೊಡನೆ ಕ್ರಿಮಿಯೂ ಏರಿದರೆ ಪಿಂಡದಲ್ಲಿ ಗಾಯವಾಗಿ ಕಲೆಯುಳಿಯಬಹುದು. ದೊಡ್ಡ ಕಲೆಗಳು ಮುಂದೆ ರಕ್ತದ ಒತ್ತಡಕ್ಕೂ ಪಿಂಡದ ಸೋಲಿಗೂ ಕಾರಣವಾಗಬಹುದು.

ಇದನ್ನು ನೋಡಲು ಮೂರು ಬಗೆಯ ಚಿತ್ರಗಳುಂಟು. ಮೊದಲನೆಯದು ಎಲ್ಲರೂ ಬಲ್ಲ ಅಲ್ಟ್ರಾಸೌಂಡ್. ಶಬ್ದದ ಅಲೆಗಳಿಂದ ಪಿಂಡಗಳ ಆಕಾರವನ್ನೂ ನಾಳಗಳ ಉಬ್ಬರವನ್ನೂ ತೋರಿಸುವುದು; ನೋವಿಲ್ಲ, ಕಿರಣಗಳ ಭಯವಿಲ್ಲ. ಆದರೆ ಮೂತ್ರವು ಹಿಂದಕ್ಕೇರುವುದನ್ನು ಅದು ಅನೇಕ ವೇಳೆ ಕಾಣದು. ಎರಡನೆಯದು ಎಂ.ಸಿ.ಯು.; ಮೂತ್ರದ್ವಾರದಲ್ಲಿ ನಳಿಗೆಯನ್ನಿಟ್ಟು, ಎಕ್ಸ್-ರೇಗೆ ಕಾಣುವ ದ್ರವವನ್ನು ತುಂಬಿ, ಮಗುವು ಮೂತ್ರ ಮಾಡುವಾಗ ಚಿತ್ರ ತೆಗೆಯುವುದು. ಹಿಂದಕ್ಕೇರುವ ಮೂತ್ರವನ್ನು ಒಂದರಿಂದ ಐದರವರೆಗೆ ದರ್ಜೆಗಟ್ಟುವುದು ಇದರಿಂದಲೇ. ಮೂರನೆಯದು ಡಿ.ಎಂ.ಎಸ್.ಎ.; ಟೆಕ್ನೀಷಿಯಂ ಎಂಬ ಕಿರಣಸೂಸುವ ಧಾತುವನ್ನು ಕೂಡಿಸಿದ ಔಷಧವನ್ನು ರಕ್ತನಾಳಕ್ಕೆ ಕೊಟ್ಟು, ಕೆಲವು ಗಂಟೆಗಳು ಕಳೆದ ಮೇಲೆ ಚಿತ್ರ ಹಿಡಿಯುವುದು. ಪಿಂಡದ ಆರೋಗ್ಯವಾದ ಭಾಗವು ಅದನ್ನು ಹೀರಿ ಬೆಳಗುವುದು. ಕಲೆಯಾದ ಭಾಗವು ಕತ್ತಲೆಯಾಗಿ ಉಳಿಯುವುದು.

ನನ್ನ ಮಗನು ಎಲ್ಲ ಚಿತ್ರಗಳನ್ನೂ ಒಡನೆ ತೆಗೆಸಬೇಕೆಂದನು. ವೈದ್ಯರು ಒಪ್ಪಲಿಲ್ಲ. ಭಾರತೀಯ ಶಿಶುಮೂತ್ರಪಿಂಡತಜ್ಞರ ಸಂಘವು 2011ರಲ್ಲಿ ಹಾಕಿದ ಕ್ರಮದಂತೆ ವರ್ಷದೊಳಗಿನ ಕೂಸಿಗೆ ಮೊದಲ ಸೋಂಕಿಗೇ ಮೂರು ಚಿತ್ರಗಳನ್ನೂ ತೆಗೆಯಬೇಕಾಗಿದ್ದಿತು. 2023ರ ಪರಿಷ್ಕರಣದಲ್ಲಿ ಅದು ಬದಲಾಯಿತು. ಜ್ವರಸಹಿತವಾದ ಮೊದಲ ಸೋಂಕಿಗೆ ಎಲ್ಲರಿಗೂ ಅಲ್ಟ್ರಾಸೌಂಡ್. ಅದರಲ್ಲಿ ದೋಷ ಕಂಡರೆ, ಸೋಂಕು ಮರುಕಳಿಸಿದರೆ, ಅಥವಾ ಎರಡು ವರ್ಷದೊಳಗಿನ ಮಗುವಿನಲ್ಲಿ ಇ. ಕೋಲಿಯಲ್ಲದ ಕ್ರಿಮಿ ಸಿಕ್ಕಿದರೆ ಮಾತ್ರ ಎಂ.ಸಿ.ಯು.; ಮರುಕಳಿಸಿದ ಸೋಂಕಿನೊಡನೆ ಮೂರನೆಯ ದರ್ಜೆಗೂ ಮೇಲ್ಪಟ್ಟುದಕ್ಕೂ ಡಿ.ಎಂ.ಎಸ್.ಎ. ಅಮೆರಿಕದ ಮಕ್ಕಳ ವೈದ್ಯರ ಅಕಾಡೆಮಿಯೂ 1999ರಲ್ಲಿ ಎಲ್ಲ ಎಳೆಗೂಸುಗಳಿಗೂ ವಿಧಿಸಿದ್ದ ನಳಿಗೆಯ ಚಿತ್ರವನ್ನು 2011ರಲ್ಲಿ ಹಿಂತೆಗೆದುಕೊಂಡಿತು. ಕಾರಣವು ಸರಳ: ಸಣ್ಣ ದರ್ಜೆಯ ದೋಷವು ಮಗುವು ಬೆಳೆದಂತೆ ನಾಳದ ಓರೆದಾರಿಯು ಉದ್ದವಾಗಿ ತಾನೇ ವಾಸಿಯಾಗುವುದುಂಟು. ಅದನ್ನು ಕಾಣುವುದಕ್ಕಾಗಿ ಸಾವಿರಾರು ಕೂಸುಗಳಿಗೆ ನಳಿಗೆಯ ನೋವನ್ನೂ ಕಿರಣವನ್ನೂ ಕೊಡಬೇಕೇಕೆ? ನಮ್ಮ ಮಗುವಿನ ಅಲ್ಟ್ರಾಸೌಂಡ್ ಶುದ್ಧವಾಗಿದ್ದಿತು. "ಮತ್ತೆ ಕಾರಣವಿಲ್ಲದ ಜ್ವರ ಬಂದರೆ ಅದೇ ದಿನ ಬನ್ನಿ" ಎಂದು ಹೇಳಿ ಕಳುಹಿಸಿದರು.

ಆಗಸ್ಟಿನಲ್ಲಿ ಮತ್ತೆ ಜ್ವರ ಬಂದಿತು. ಈ ಸಲ ಸೊಸೆಯು ಯಾರನ್ನೂ ಕೇಳಲಿಲ್ಲ. ಮಗುವನ್ನೆತ್ತಿಕೊಂಡು ಆಟೋ ಹತ್ತಿದಳು. ಅದೇ ಕ್ರಿಮಿ, ಅದೇ ರೋಗ. ಆದುದರಿಂದ ಸೋಂಕು ಕಳೆದ ಮೇಲೆ ಮೈಸೂರಿನಲ್ಲಿ ಎಂ.ಸಿ.ಯು. ಮಾಡಿಸಬೇಕಾಯಿತು. ನಾಮಕರಣದ ದಿನ ಅಜ್ಜಿಯು ಕಟ್ಟಿದ ಬೆಳ್ಳಿಯ ಉಡಿದಾರವು ಚಿತ್ರಕ್ಕೆ ಅಡ್ಡಬರುವುದೆಂದು ಬಿಚ್ಚಿಸಿದರು. ಅದನ್ನು ಅಂಗೈಯಲ್ಲಿ ಹಿಡಿದುಕೊಂಡು ನಾನು ಬಾಗಿಲ ಹೊರಗೆ ಕುಳಿತೆನು. ಸೀಸದ ಅಂಗಿ ತೊಟ್ಟು ಸೊಸೆಯು ಒಳಗಿದ್ದಳು. ಮಗುವಿನ ಕೂಗು ಕೇಳಿಬರುತ್ತಿದ್ದಿತು. ಎಲ್ಲ ಚಿತ್ರಗಳನ್ನೂ ಒಡನೆ ತೆಗೆಸಬೇಕೆಂದಿದ್ದ ನನ್ನ ಮಗನು ಎದ್ದು ಹೊರಗೆ ಹೋಗಿಬಿಟ್ಟನು.

ಬಲಗಡೆಯ ನಾಳದಲ್ಲಿ ಮೂರನೆಯ ದರ್ಜೆಯ ಹಿಮ್ಮೊಗ ಹರಿವು ಕಂಡಿತು. 2025ರ ಜನವರಿಯಲ್ಲಿ, ಗಾಯವು ಮಾಯುವಷ್ಟು ಕಾಲ ಕಳೆದ ಮೇಲೆ, ಡಿ.ಎಂ.ಎಸ್.ಎ. ಆಯಿತು. ಬಲಪಿಂಡದ ಮೇಲ್ತುದಿಯಲ್ಲಿ ಕಡಲೆಯಷ್ಟು ಕತ್ತಲೆಯಿದ್ದಿತು.

ಆ ಕಲೆಯನ್ನು ನೋಡಿ ನಾನು ಒಂದೇ ಪ್ರಶ್ನೆಯನ್ನು ಕೇಳಿದೆನು: "ಇದು ನಾನು ಕಾಯಿಸಿದ ಆ ಮೂರು ದಿನಗಳ ಗುರುತೇ?" ವೈದ್ಯರು ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳಿದರು: "ಇರಬಹುದು, ಮೇಷ್ಟ್ರೇ. ಹುಟ್ಟಿನಿಂದಲೇ ಇದ್ದುದೂ ಆಗಿರಬಹುದು. ಈ ಚಿತ್ರ ಕಲೆಯನ್ನು ತೋರಿಸುತ್ತದೆ. ಅದರ ತಾರೀಖನ್ನು ಹೇಳುವುದಿಲ್ಲ. ಆದರೆ ಔಷಧ ತಡವಾದಷ್ಟೂ ಕಲೆಯ ಸಂಭವ ಹೆಚ್ಚು ಎಂಬುದು ನಿಜ." ಸುಳ್ಳು ಸಮಾಧಾನವನ್ನು ಹೇಳದ ಆ ತರುಣರಿಗೆ ನಾನು ಋಣಿ.

ಮಗನಿಗೆ ಬೇರೊಂದು ಕೊರಗು. ಹಳೆಯ ಕ್ರಮವಿದ್ದಿದ್ದರೆ ಮೊದಲೇ ದೋಷವು ತಿಳಿಯುತ್ತಿರಲಿಲ್ಲವೇ ಎಂದನು. ತಿಳಿಯುತ್ತಿದ್ದಿತು, ನಿಜ. ಆದರೆ 2014ರಲ್ಲಿ ಪ್ರಕಟವಾದ ಅಮೆರಿಕದ ಒಂದು ಪರೀಕ್ಷೆಯಲ್ಲಿ, ಇಂಥ ದೋಷವುಳ್ಳ 607 ಮಕ್ಕಳನ್ನು ಎರಡು ವರ್ಷ ಗಮನಿಸಿದಾಗ, ದಿನವೂ ಕೊಟ್ಟ ತಡೆಯೌಷಧದಿಂದ ಸೋಂಕು ಹೆಚ್ಚುಕಡಮೆ ಅರ್ಧಕ್ಕಿಳಿಯಿತು. ಕಲೆಗಳು ಮಾತ್ರ ಕಡಮೆಯಾಗಲಿಲ್ಲವೆಂದು ವೈದ್ಯರು ವಿವರಿಸಿದರು. ಎಂದರೆ, ಪಿಂಡವನ್ನು ಕಾಯುವ ಕೆಲಸದಲ್ಲಿ ಬೇಗನೆ ತೆಗೆದ ಚಿತ್ರಕ್ಕಿಂತ ಬೇಗನೆ ಗುರುತಿಸಿದ ಜ್ವರವೇ ಮೇಲು. ಆ ಕೆಲಸವು ಯಂತ್ರದ್ದಲ್ಲ, ಮನೆಯವರದು.

ಆ ರಾತ್ರಿ ಸೊಸೆಯು ಊಟಕ್ಕೆ ಬಡಿಸುತ್ತ, "ಮಾವ, ಅಂದು ನಾನಾದರೂ ಹಟ ಹಿಡಿಯಬೇಕಾಗಿತ್ತು" ಎಂದಳು. ನನ್ನನ್ನು ದೂರಿದ್ದರೆ ಸಹಿಸಬಹುದಾಗಿದ್ದಿತು. ತನ್ನ ಪಾಲಿಗೆ ತಪ್ಪನ್ನೆಳೆದುಕೊಂಡುದು ನನ್ನನ್ನು ಬಹಳ ನೋಯಿಸಿತು. "ಇಲ್ಲಮ್ಮ, ನೀನು ಮೊದಲ ದಿನವೇ ಸರಿಯಾಗಿ ಹೇಳಿದ್ದೆ. ಕೇಳದವನು ನಾನು" ಎಂದೆನು. ಈ ಮಾತನ್ನು ಹತ್ತು ತಿಂಗಳ ಹಿಂದೆಯೇ ಹೇಳಬೇಕಾಗಿದ್ದಿತು.

ಈಗ ಮಗುವಿಗೆ ಎರಡೂವರೆ ವರ್ಷ. ರಾತ್ರಿ ಒಂದು ಚಮಚ ತಡೆಯೌಷಧ, ಬೇಕಾದಷ್ಟು ನೀರು, ಮಲಬದ್ಧತೆಯಾಗದಂಥ ಆಹಾರ, ಆಗಾಗ ರಕ್ತದ ಒತ್ತಡದ ಪರೀಕ್ಷೆ, ಇಷ್ಟೇ ಉಪಚಾರ. ಮೂರನೆಯ ಸಲ ಸೋಂಕು ಬಂದಿಲ್ಲ. ಬಲಪಿಂಡವು ತನ್ನ ಪಾಲಿನ ಕೆಲಸವನ್ನು ಸರಿಯಾಗಿಯೇ ಮಾಡುತ್ತಿರುವುದು. ಬಿಚ್ಚಿಸಿದ ಉಡಿದಾರವನ್ನು ಅಜ್ಜಿಯು ಒಂದು ಗೇಣು ನೂಲು ಸೇರಿಸಿ ಮತ್ತೆ ಕಟ್ಟಿರುವಳು.

ವಾಚಕರಲ್ಲಿ ನನ್ನ ವಿಜ್ಞಾಪನೆಯು ಅಲ್ಪವಾದುದು. ಕೂಸಿಗೆ ಕಾರಣ ಕಾಣದ ಜ್ವರ ಬಂದರೆ ದೃಷ್ಟಿಯನ್ನು ಬೇಕಾದರೆ ತೆಗೆಯಿರಿ. ಆದರೆ ಅದೇ ದಿನ ಮೂತ್ರವನ್ನೂ ಪರೀಕ್ಷೆ ಮಾಡಿಸಿರಿ. ಯಾವ ಚಿತ್ರ ಬೇಕು, ಯಾವುದು ಬೇಡ ಎಂಬುದನ್ನು ಬಲ್ಲವರಿಗೆ ಬಿಡಿರಿ. ಮತ್ತು ಮನೆಯಲ್ಲಿ ತಾಯಿಯಾದವಳು "ಹೋಗೋಣವೇ?" ಎಂದು ಕೇಳಿದಾಗ, ಹಿರಿಯರಾದ ನಾವು ಒಸಡನ್ನು ಮುಟ್ಟಿ ನೋಡುವ ಮೊದಲು ಚಪ್ಪಲಿಯನ್ನು ಮೆಟ್ಟಿಕೊಳ್ಳುವುದು ಲೇಸು.