ಚಂದ್ರಗಿರಿಯ ಎರಡು ದಡ

ಬೆಂಗಳೂರು ಪೇಟೆಯ ಜನ ಯಾತ್ರೆಗೆ ಹೊರಡುವುದುಂಟು, ಪ್ರವಾಸಕ್ಕೆ ಹೊರಡುವುದು ಅಪರೂಪ. ಅಂಗಡಿಯ ಬೀಗದ ಕೈಯನ್ನು ಮಗನಿಗೊಪ್ಪಿಸಿ, ಹರಕೆ ಹೊತ್ತ ದೇವರಿದ್ದೆಡೆಗೆ, ತಿರುಪತಿಗೋ ಧರ್ಮಸ್ಥಳ ಸುಬ್ರಹ್ಮಣ್ಯಗಳಿಗೋ ಹೋಗಿಬರುವ ನಮ್ಮವರಿಗೆ, ದರ್ಶನದ ಫಲವೂ ವ್ಯಾಪಾರದ ಲಾಭವೂ ಇಲ್ಲದ ಸೀಮೆಯೊಂದನ್ನು ಬರಿದೆ ನೋಡುವುದಕ್ಕಾಗಿ ಹಣ ತೆರುವುದೆಂದರೆ ಇಂದಿಗೂ ಒಂದು ಬಗೆಯ ಸಂಕೋಚ. ಮಾಮೂಲ್‌ಪೇಟೆಯಲ್ಲಿ ನಮ್ಮ ಮನೆಯ ಸಾಲಿನಲ್ಲೇ ಗ್ರಂಥಿಗೆ ಅಂಗಡಿಯನ್ನಿಟ್ಟುಕೊಂಡಿರುವ ವಯೋವೃದ್ಧರಾದ ಶೆಟ್ಟರು, ಮಂಗಳೂರಿನಿಂದ ತೆಂಕಣಕ್ಕೆ ಕಡಲ ಬದಿಯನ್ನೇ ಹಿಡಿದು ಬೇಕಲ ಕೋಟೆಯವರೆಗೆ ಒಂದೇ ಹಗಲಿನಲ್ಲಿ ತೋರಿಸಿ ತರುವ ವ್ಯಾನೊಂದರ ವಾರ್ತೆಯನ್ನು ತಂದಾಗಲೂ, ತಮ್ಮ ಅಭಿಲಾಷೆಯನ್ನು ವ್ಯಾಪಾರದ ಉಡುಪಿನಲ್ಲಿಯೇ ಮುಂದಿರಿಸಿದರು: ಆ ಕಡೆಯ ಚಾಲಿ ಅಡಿಕೆಯನ್ನು ಇಷ್ಟು ವರ್ಷ ತೂಗಿ ಮಾರಿದ್ದಾಯಿತು, ಅದು ಬೆಳೆಯುವ ಮಣ್ಣನ್ನು ಒಮ್ಮೆಯಾದರೂ ಕಾಣಬೇಡವೇ? ನಾನು ಒಪ್ಪಿದೆ. ರಾತ್ರಿಯ ರೈಲು ನಮ್ಮನ್ನು ಸಕಲೇಶಪುರದಾಚೆಯ ಸುರಂಗಗಳೊಳಗೆ ನುಗ್ಗಿಸಿ, ಘಟ್ಟದ ಕತ್ತಲನ್ನೆಲ್ಲ ನಿದ್ರೆಯಲ್ಲೇ ಕಳೆಯಗೊಟ್ಟು, ಬೆಳಗಿನ ಸೆಕೆಯಲ್ಲಿ ಮಂಗಳೂರಿಗೆ ಇಳಿಸಿತು.

ಮಾರ್ಗದರ್ಶಕನು ಮೂವತ್ತರೊಳಗಿನ ತರುಣ, ಕುಂಬಳೆಯ ಕಡೆಯವನು. ಚಾಲಕನೊಡನೆ ತುಳುವಿನಲ್ಲಿಯೂ, ದೂರವಾಣಿಯಲ್ಲಿ ಮಲೆಯಾಳದಲ್ಲಿಯೂ, ನಮ್ಮೊಡನೆ ಅಚ್ಚುಕಟ್ಟಾದ ಶಾಲೆಯ ಕನ್ನಡದಲ್ಲಿಯೂ ಮಾತನಾಡುತ್ತಿದ್ದ ಅವನು, ಪ್ರಯಾಣಿಕರ ಪಟ್ಟಿಯಲ್ಲಿ ಶೆಟ್ಟರ ಹೆಸರನ್ನು ಕಂಡೊಡನೆ ಮುಖವರಳಿಸಿ, ತಮ್ಮದು ಯಾವ ಗುತ್ತಿನ ಮನೆ ಎಂದು ತುಳುವಿನಲ್ಲಿ ವಿಚಾರಿಸಿದನು. ಬಂಟರ ಶೆಟ್ಟಿಯೆಂದು ಅವನು ಬಗೆದಿದ್ದನು. ಇವರು ಪೇಟೆಯ ವೈಶ್ಯರು. "ಗುತ್ತೋ ಗಿತ್ತೋ ನಂಗೊತ್ತಿಲ್ಲಪ್ಪ, ನಮ್ಮದು ಮಾಮೂಲ್‌ಪೇಟೆ, ಬಾಡಿಗೆ ಅಂಗಡಿ" ಎಂದರು ಶೆಟ್ಟರು. ವ್ಯಾನಿನಲ್ಲಿ ಆ ದಿನದ ಮೊದಲ ನಗು ಹುಟ್ಟಿದ್ದು ಅಲ್ಲಿ.

ನೇತ್ರಾವತಿಯ ಸೇತುವೆಯನ್ನು ದಾಟಿ, ಉಳ್ಳಾಲವನ್ನು ಪಡುವಣಕ್ಕೆ ಬಿಟ್ಟು, ತಲಪಾಡಿಯನ್ನು ಕಳೆದರೆ ಕೇರಳ ರಾಜ್ಯ. ಹೆದ್ದಾರಿಯ ಫಲಕಗಳಲ್ಲಿ ಲಿಪಿ ಮಾರ್ಪಡುತ್ತದೆಯಲ್ಲದೆ, ಕೆಂಪು ಮುರಕಲ್ಲಿನ ಪಾಗಾರಗಳಾಗಲಿ, ಹಂಚಿನ ಮಾಡುಗಳಾಗಲಿ, ತೆಂಗು ಕಂಗುಗಳಾಗಲಿ ಮಾರ್ಪಡುವುದಿಲ್ಲ. ಮದರಾಸು ಆಧಿಪತ್ಯದ ದಕ್ಷಿಣ ಕನ್ನಡ ಜಿಲ್ಲೆಯ ದಕ್ಷಿಣದ ತಾಲ್ಲೂಕಾಗಿದ್ದ ಕಾಸರಗೋಡು 1956ರ ನವೆಂಬರ್ 1ರಂದು ಕೇರಳಕ್ಕೆ ಸೇರಿತೆಂಬುದೂ, ಚಂದ್ರಗಿರಿ ಹೊಳೆಯಿಂದ ಬಡಗಣ ಭಾಗವನ್ನು ಮೈಸೂರಿಗೆ ಕೊಡತಕ್ಕದ್ದೆಂದು ಮಹಾಜನ ಆಯೋಗವು 1967ರಲ್ಲಿ ಶಿಫಾರಸು ಮಾಡಿತೆಂಬುದೂ, ಆ ಶಿಫಾರಸು ಕಾಗದದ ಮೇಲೆಯೇ ಉಳಿಯಿತೆಂಬುದೂ ಕನ್ನಡಿಗರಿಗೆ ಹೊಸ ಸಂಗತಿಗಳಲ್ಲ. ನಮ್ಮ ತರುಣನು ಇದನ್ನೆಲ್ಲ ಯಾವ ಆವೇಶವೂ ಇಲ್ಲದೆ, ಪಂಚಾಂಗವನ್ನು ಓದುವ ಧಾಟಿಯಲ್ಲಿ ಹೇಳಿ, "ನಮ್ಮದು ಸಪ್ತಭಾಷೆಯ ನಾಡು, ಎಲ್ಲ ಭಾಷೆಯೂ ಉಂಟು" ಎಂದು ಮುಗಿಸಿದನು. ನಿತ್ಯವೂ ನಾನಾ ಊರುಗಳ ಪ್ರವಾಸಿಗಳನ್ನು ಕರೆದೊಯ್ಯುವವನಿಗೆ ಆ ಮಧ್ಯಸ್ಥಭಾವವು ಜೀವನೋಪಾಯದ ಅಂಗವಾಗಿದ್ದೀತು. ಆದರೂ ಕಯ್ಯಾರ ಕಿಞ್ಞಣ್ಣ ರೈಗಳಂಥವರು ನೂರು ವರ್ಷದ ಆಯುಷ್ಯದುದ್ದಕ್ಕೂ ಆರಗೊಡದಿದ್ದ ಆ ವೇದನೆಯನ್ನು ಅಷ್ಟು ನಯವಾಗಿ ಕೇಳುವುದು ನನಗೆ ಸರಿಬೀಳಲಿಲ್ಲ.

ಮಂಜೇಶ್ವರದಲ್ಲಿ ಗೋವಿಂದ ಪೈಗಳ ಮನೆಯ ಮುಂದೆ ವ್ಯಾನು ನಿಂತಿತು. 'ಗಿಳಿವಿಂಡು' ಎಂಬ ಅವರ ಕವನಸಂಗ್ರಹದ ಹೆಸರನ್ನೇ ಅಲ್ಲಿಯ ಸ್ಮಾರಕಕ್ಕೂ ಇರಿಸಿದ್ದಾರೆ. ಕಾವ್ಯದಲ್ಲಿ ಪ್ರಾಸವನ್ನು ಬಿಡಬಹುದೆಂಬ ಧೈರ್ಯವನ್ನು ಮೊದಲು ತೋರಿದ, ಹಲವು ಭಾಷೆಗಳನ್ನು ಬಲ್ಲ, ಶಾಸನಗಳ ಕಾಲನಿರ್ಣಯಕ್ಕಾಗಿ ದಿನಗಟ್ಟಲೆ ಲೆಕ್ಕ ಹಾಕುತ್ತಿದ್ದ ಆ ಪಂಡಿತರಿಗೆ ರಾಷ್ಟ್ರಕವಿಯೆಂಬ ಬಿರುದನ್ನು 1949ರಲ್ಲಿ ಕೊಟ್ಟುದು ಮದರಾಸು ಸರಕಾರ. ಅವರು 1963ರಲ್ಲಿ ತೀರಿಕೊಂಡಾಗ ಅವರ ಮನೆ ಕೇರಳದಲ್ಲಿದ್ದಿತು. ಸ್ಥಳ ಬಿಡದೆಯೇ ರಾಜ್ಯ ಬದಲಾದ ಆ ಮನೆಯಲ್ಲಿ ಇನ್ನಷ್ಟು ಹೊತ್ತು ಕುಳಿತಿರಬೇಕೆಂದಿತು ಮನಸ್ಸು. "ಹತ್ತಿ ಸಾರ್, ಹತ್ತಿ ಅಮ್ಮ, ಅನಂತಪುರದಲ್ಲಿ ನಡೆ ಮುಚ್ಚಿದರೆ ಮತ್ತೆ ಸಾಯಂಕಾಲವೇ" ಎಂದು ತರುಣನು ಕೈತಟ್ಟಿದನು. ಸುತ್ತುಪ್ರವಾಸದ ಧರ್ಮವೇ ಅದು: ಕಣ್ಣು ತೆರೆಯುವಷ್ಟರಲ್ಲಿ ಹೊರಡಿಸುವುದು.

ಕುಂಬಳೆಯನ್ನು ಕಿಟಕಿಯಿಂದಲೇ ಕಂಡೆವು. ತೆಂಕುತಿಟ್ಟಿನ ಯಕ್ಷಗಾನಕ್ಕೆ ರಾಮಾಯಣದ ಪ್ರಸಂಗಗಳನ್ನು ಕಟ್ಟಿಕೊಟ್ಟ ಪಾರ್ತಿಸುಬ್ಬನ ಊರಿಗೆ ಅರ್ಧ ನಿಮಿಷದ ಗೌರವವೂ ಸಲ್ಲಲಿಲ್ಲ. ಅನಂತಪುರದಲ್ಲಿ ಮಾತ್ರ ಧಾರಾಳವಾಗಿ ಸಮಯ ಸಿಕ್ಕಿತು. ಮುರಕಲ್ಲಿನ ಪೀಠಭೂಮಿಯ ತಗ್ಗಿನಲ್ಲಿ ಚೌಕಾಕಾರದ ಸರೋವರ, ಅದರ ನಡುವೆ ಗರ್ಭಗುಡಿ, ದಡದಿಂದ ಅಲ್ಲಿಗೊಂದು ಕಿರುಸೇತುವೆ. ತಿರುವನಂತಪುರದ ಪದ್ಮನಾಭನಿಗೆ ಇದೇ ಮೂಲಸ್ಥಾನವೆಂದು ಐತಿಹ್ಯ. ಶಿಲೆಯೂ ಲೋಹವೂ ಅಲ್ಲದ, ಔಷಧಿದ್ರವ್ಯಗಳನ್ನು ಹದಮಾಡಿ ರೂಪಿಸುವ ಕಡುಶರ್ಕರಪಾಕದ ಮೂಲಮೂರ್ತಿಗಳು ಇಲ್ಲಿಯ ವಿಶೇಷ. ಆದರೆ ನಮ್ಮ ತಂಡದ ಜನಕ್ಕೆ ಬೇಕಾಗಿದ್ದುದು ಮೊಸಳೆ. ನೈವೇದ್ಯದ ಅನ್ನವನ್ನುಂಡು ದಶಕಗಳ ಕಾಲ ಈ ಕೊಳದಲ್ಲಿ ಬದುಕಿದ್ದ ಬಬಿಯಾ 2022ರ ಅಕ್ಟೋಬರಿನಲ್ಲಿ ಸತ್ತಿತು. ಮರುವರ್ಷವೇ ಇನ್ನೊಂದು ಮೊಸಳೆ ಅದೇ ನೀರಿನಲ್ಲಿ ಕಾಣಿಸಿಕೊಂಡಿತು. ನಮಗೆ ದರ್ಶನ ಕೊಡಲಿಲ್ಲ. ಕೊಳದ ಸುತ್ತ ಮೊಬೈಲುಗಳನ್ನು ಹಿಡಿದು ನಿಂತವರನ್ನೆಲ್ಲ ಒಮ್ಮೆ ಕಂಡಿದ್ದರೆ, ಅದು ಅಡಗಿದ್ದುದು ನ್ಯಾಯವೆಂದೇ ಯಾರಾದರೂ ಹೇಳುತ್ತಿದ್ದರು.

ಕಾಸರಗೋಡಿನಲ್ಲಿ ಊಟ. ಕುಚ್ಚಲಕ್ಕಿಯ ಅನ್ನವನ್ನು ಕಂಡು ಶೆಟ್ಟರು ಮುಖ ಸಿಂಡರಿಸಿದರಾದರೂ, ತೆಂಗಿನೆಣ್ಣೆಯ ಒಗ್ಗರಣೆಯ ಸಾರನ್ನು ಮೂರು ಸಲ ಬಡಿಸಿಕೊಂಡರು. ಅಲ್ಲಿಂದ ಮುಂದೆ ದಾರಿಯು ಚಂದ್ರಗಿರಿ ಹೊಳೆಯ ಸೇತುವೆಗೆ ಏರುತ್ತದೆ. ಕೊಡಗಿನ ಬೆಟ್ಟಗಳಲ್ಲಿ ಪಯಸ್ವಿನಿಯಾಗಿ ಹುಟ್ಟಿ, ಸುಳ್ಯದ ಮೇಲೆ ಹರಿದು ಬಂದು, ಇಲ್ಲಿ ವಿಶಾಲವಾದ ಅಳಿವೆಯಾಗಿ ಸಮುದ್ರವನ್ನು ಸೇರುವ ಈ ಹೊಳೆಯನ್ನು ತುಳುನಾಡಿಗೂ ಮಲೆಯಾಳ ಸೀಮೆಗೂ ಎಲ್ಲೆಯೆಂದು ಹಿಂದಿನವರು ಎಣಿಸಿದ್ದರು. ನಾಯರ್ ಸ್ತ್ರೀಯರು ಇದನ್ನು ದಾಟಿ ಬಡಗಣಕ್ಕೆ ಬರಬಾರದೆಂಬ ಕಟ್ಟಳೆಯೂ ಒಂದು ಕಾಲದಲ್ಲಿದ್ದಿತು. ಹೊಳೆಯ ತೆಂಕಣ ದಡದ ದಿಣ್ಣೆಯ ಮೇಲೆ ಹದಿನೇಳನೆಯ ಶತಮಾನದ ಚಂದ್ರಗಿರಿ ಕೋಟೆ. ಅಲ್ಲಿ ನಿಂತು ಬಡಗಣಕ್ಕೆ ದೃಷ್ಟಿಯನ್ನೆಸೆದರೆ ಕಾಸರಗೋಡು ಪಟ್ಟಣ, ತೆಂಕಣಕ್ಕೆ ತೆಂಗಿನ ತೋಟಗಳ ಅವಿಚ್ಛಿನ್ನವಾದ ಹಸಿರು. ಎಲ್ಲೆಯೆಂಬುದರ ಕುರುಹು ಎರಡು ಕಡೆಯಲ್ಲಿಯೂ ಕಾಣಲಿಲ್ಲ. ಎರಡು ದಡದ ದೋಣಿಗಳೂ ಒಂದೇ ನೀರಿನಲ್ಲಿ ಬಲೆ ಬೀಸುತ್ತಿದ್ದವು.

ಬೇಕಲಕ್ಕೆ ನಮಗೆ ದೊರೆತುದು ಮುಕ್ಕಾಲು ಗಂಟೆ. ಸುಮಾರು 40 ಎಕರೆಯಷ್ಟು ನೆಲವನ್ನು ಬಳಸಿ, ಮೂರು ಕಡೆ ಕಡಲನ್ನೇ ಕಂದಕ ಮಾಡಿಕೊಂಡಂತೆ ನಿಂತಿರುವ ಈ ಮುರಕಲ್ಲಿನ ಕೋಟೆಯನ್ನು 1650ರ ಸುಮಾರಿಗೆ ಕಟ್ಟಿಸಿದವನು ಇಕ್ಕೇರಿಯ ಶಿವಪ್ಪನಾಯಕ. ಅದಕ್ಕೆ ಮುನ್ನವೇ ಇಲ್ಲಿ ಕೋಲತ್ತಿರಿ ಅರಸರ ಕೋಟೆಯೊಂದು ಇದ್ದಿರಬೇಕೆಂಬ ವಾದವೂ ಉಂಟು. ಬಾಗಿಲಲ್ಲಿ ಆಂಜನೇಯನ ಗುಡಿ. ಒಳಗೆ ಮೆಟ್ಟಿಲಿಳಿದು ಹೋಗುವ ಕೆರೆ, ಮದ್ದಿನ ಮನೆ, ತೆಂಕಣಕ್ಕೆ ಬಾಯಿ ತೆರೆದ ಸುರಂಗ, ಆನೆಯೂ ಏರಬಹುದಾದಷ್ಟು ಅಗಲವಾದ ಇಳಿಜಾರಿನ ಮೇಲೆ ವೀಕ್ಷಣಾ ಬುರುಜು. ಹೊರಗೋಡೆಯ ಕಿಂಡಿಗಳನ್ನು ತರುಣನು ಬಹು ಉತ್ಸಾಹದಿಂದ ತೋರಿಸಿದನು. ಮೇಲಣ ಕಿಂಡಿಯಿಂದ ದೂರದ ಹಗೆಗೆ, ಅದರ ಕೆಳಗಣದರಿಂದ ಹತ್ತಿರ ಬಂದವನಿಗೆ, ತಳದ ಕಿಂಡಿಯಿಂದ ಗೋಡೆಯ ಬುಡಕ್ಕೇ ಬಂದವನಿಗೆ ಗುರಿಯಿಡುವಂತೆ ಅವುಗಳ ಓರೆಯನ್ನು ಕೊರೆದಿದ್ದಾರೆ. ತಂಡದ ಹೆಂಗಸರು ಮಾತ್ರ 1995ರ 'ಬಾಂಬೆ' ಚಿತ್ರದ ಹಾಡನ್ನು ತೆಗೆದ ಸ್ಥಳವಾವುದೆಂದು ಕೇಳಿ, ಆ ಅಂಚಿಗೆ ಹೋಗಿ ನಿಂತರು. ಹಾಡಿನಲ್ಲಿಯ ಮಳೆಯ ಬದಲು ಅಂದು ಸುಡುವ ಬಿಸಿಲಿದ್ದಿತು.

ನನಗೆ ನಮ್ಮ ಊರಿನ ಕೋಟೆಯ ನೆನಪಾಯಿತು. ಮಾಮೂಲ್‌ಪೇಟೆಯಿಂದ ಮಾರುಕಟ್ಟೆಯನ್ನು ದಾಟಿ ನಡೆದರೆ ಸಿಗುವ ಬೆಂಗಳೂರು ಕೋಟೆ, 1791ರ ಮಾರ್ಚಿನಲ್ಲಿ ಕಾರ್ನ್‌ವಾಲಿಸನ ಸೈನ್ಯಕ್ಕೆ ಬಿದ್ದುದು, ಇಂದು ಡೆಲ್ಲಿ ಗೇಟೆಂಬ ಒಂದು ಬಾಗಿಲೂ ಒಂದಿಷ್ಟು ಗೋಡೆಯೂ ಆಗಿ ಬಸ್ಸುಗಳ ಹೊಗೆಯಲ್ಲಿ ನಿಂತಿದೆ. ಅಲ್ಲಿಯೂ ಹೈದರ್ ಟಿಪ್ಪು, ಇಲ್ಲಿಯೂ ಹೈದರ್ ಟಿಪ್ಪು: 1763ರಲ್ಲಿ ಬಿದನೂರು ಹೈದರನ ವಶವಾದಾಗ ಇಕ್ಕೇರಿಯವರ ಕರಾವಳಿಯೂ ಅದರೊಡನೆ ಮೈಸೂರಿಗೆ ಬಂದಿತು, ಬೇಕಲವು ಟಿಪ್ಪುವಿನ ದಂಡಿನ ಠಾಣ್ಯವಾಯಿತು. ಶಿವಪ್ಪನಾಯಕನೂ ಘಟ್ಟದ ಮೇಲಿನವನೇ. ಈ ಕಡಲಿನ ದಂಡೆಯಲ್ಲಿ ಗೋಡೆ ಕಟ್ಟಿದವರು ಪ್ರಾಯಶಃ ಮೇಲಿನಿಂದ ಇಳಿದು ಬಂದವರು. ನಾವೂ ಅದೇ ಘಟ್ಟವನ್ನು ಇಳಿದು ಬಂದಿದ್ದೆವು, ಟಿಕೆಟು ಕೊಂಡು.

ಬುರುಜಿನ ಮೇಲೆ ಏದುಸಿರು ಬಿಡುತ್ತ ನಿಂತ ಶೆಟ್ಟರು ಆಗ ಒಂದು ಪ್ರಶ್ನೆಯನ್ನು ಕೇಳಿದರು. "ಅಲ್ಲಪ್ಪಾ, ಇಷ್ಟು ದೊಡ್ಡ ಕೋಟೆ, ಇಷ್ಟು ಸಿಪಾಯಿಗಳು. ಇವರಿಗೆಲ್ಲ ಸಂಬಳ ಎಲ್ಲಿಂದ ಬರ್ತಿತ್ತು?" ತರುಣನು ಕ್ಷಣಕಾಲ ತಡವರಿಸಿ, "ಅದು ನಮಗೆ ಕಲಿಸಿದ್ದರಲ್ಲಿ ಇಲ್ಲ ಅಜ್ಜಾ" ಎಂದು ನಕ್ಕನು.

ಹತ್ತು ಕೋಟೆಗಳನ್ನು ನೋಡಿದರೂ ತಿಳಿಯದ ಸಂಗತಿಯನ್ನು ಕೇಳಿದ್ದರು ಶೆಟ್ಟರು. ಶಿವಪ್ಪನಾಯಕನ ಹೆಸರು ಮಲೆನಾಡಿನಲ್ಲಿ ಇಂದಿಗೂ ಉಳಿದಿರುವುದು ಅವನ ಕೋಟೆಗಳಿಂದಲ್ಲ, ಶಿಸ್ತಿನಿಂದ: ನೆಲವನ್ನು ಅದರ ಸಾರಕ್ಕನುಗುಣವಾಗಿ ಐದು ತರಗತಿಗಳಾಗಿ ವಿಂಗಡಿಸಿ ಕಂದಾಯವನ್ನು ಗೊತ್ತುಮಾಡಿದ ವ್ಯವಸ್ಥೆಯದು. ಕರಾವಳಿಯಲ್ಲಿ ಆ ಶಿಸ್ತಿನ ಮೇಲೆ ಮುಂದಿನವರು, ಹೈದರನೂ ಸೇರಿದಂತೆ, ಶಾಮಿಲೆಂಬ ಹೆಚ್ಚುವರಿಯನ್ನು ಹೇರುತ್ತ ಹೋದರು. 1799ರಲ್ಲಿ ಟಿಪ್ಪು ಮಡಿದ ಬಳಿಕ ಕೆನರಾ ಜಿಲ್ಲೆಯ ಮೊದಲನೆಯ ಕಲೆಕ್ಟರಾಗಿ ಬಂದ ಥಾಮಸ್ ಮನ್ರೋ ಮಾಡಿದ ಮುಖ್ಯ ಕಾರ್ಯ, ಬುರುಜುಗಳನ್ನು ಎಣಿಸುವುದಲ್ಲ, ಶಾನುಭೋಗರ ಮನೆಗಳಲ್ಲಿದ್ದ ಹಳೆಯ ಕಡತಗಳನ್ನು ಬಿಚ್ಚಿಸಿ ಇಕ್ಕೇರಿಯ ಕಾಲದ ದರವೆಷ್ಟೆಂದು ಹುಡುಕುವುದು. 1801ರಲ್ಲಿ ಇದೇ ದಾರಿಯಾಗಿ ಮಲಬಾರಿನಿಂದ ಮಂಗಳೂರಿನ ಕಡೆಗೆ ಸಾಗಿದ ಫ್ರಾನ್ಸಿಸ್ ಬುಕಾನನ್ ಕೂಡ ಗದ್ದೆಯ ಬಿತ್ತನೆ, ಇಳುವರಿ, ಗೇಣಿ ಇವನ್ನೇ ಊರೂರಿನಲ್ಲಿ ವಿಚಾರಿಸುತ್ತ ಹೋದನು. ಮುಂದೆ ಬೇಕಲವು ಇಂಗ್ಲಿಷರ ಕಾಲದಲ್ಲಿ ತಾಲ್ಲೂಕಿನ ಕಸಬೆಯಾಯಿತು. ದಂಡಿನ ಠಾಣ್ಯದ ಹೆಸರನ್ನು ಕಂದಾಯದ ಕಚೇರಿ ಹೊತ್ತುಕೊಂಡಿತು. ಕೋಟೆಯನ್ನು ತೋರಿಸಿ ಕಡತವನ್ನು ಮುಚ್ಚಿಡುವ ಪ್ರವಾಸವು ಅಂಗಡಿಯ ಫಲಕವನ್ನು ತೋರಿಸಿ ಖಾತೆಯ ಪುಸ್ತಕವನ್ನು ಮುಚ್ಚಿಡುವ ವರ್ತಕನಂತೆ. ಶೆಟ್ಟರಿಗೆ ಅಸಮಾಧಾನವಾದುದು ಸಹಜವೇ.

ವ್ಯಾನು ಮಂಗಳೂರಿಗೆ ಮರಳುವಾಗ ನಾವಿಬ್ಬರೂ ಕಾಸರಗೋಡಿನಲ್ಲಿ ಇಳಿದುಕೊಂಡೆವು. ಆ ಖಾತೆಯ ಕೊನೆಯ ಪುಟಗಳಲ್ಲೊಂದು ಅಲ್ಲಿಗೆ ಸಮೀಪದಲ್ಲಿಯೇ ಇದೆಯೆಂದು ನಾನು ಹೇಳಿದ್ದೆನು. ತರುಣನು ಬೀಳ್ಕೊಡುತ್ತ, "ಎಡನೀರಿಗಾ? ಅದು ನಮ್ಮ ಪ್ಯಾಕೇಜಿನಲ್ಲಿ ಇಲ್ಲ, ಆದರೆ ಬಸ್ಸು ಬೇಕಾದಷ್ಟು ಉಂಟು ಮಾರಾಯ್ರೆ" ಎಂದು ನಿಲುಗಡೆಯನ್ನು ತೋರಿಸಿಕೊಟ್ಟನು.

ಮರುದಿನ ಬೆಳಗ್ಗೆ, ಅಡಿಕೆ ತೋಟಗಳ ನಡುವೆ ಒಳನಾಡಿಗೆ ತಿರುಗುವ ಬಸ್ಸಿನಲ್ಲಿ ಕುಳಿತು ಎಡನೀರು ಮಠಕ್ಕೆ ಹೋದೆವು. ದಾರಿಯುದ್ದಕ್ಕೂ ಶೆಟ್ಟರು ಅಂಗಳಗಳಲ್ಲಿ ಒಣಹಾಕಿದ್ದ ಅಡಿಕೆಯನ್ನು ಕಿಟಕಿಯಿಂದಲೇ ಪರೀಕ್ಷಿಸುತ್ತ, ಇದು ಹೊಸತು, ಅದು ಹಳತು ಎಂದು ತೀರ್ಪು ಕೊಡುತ್ತಿದ್ದರು. ಮಠವು ಆಡಂಬರವಿಲ್ಲದ ಕರಾವಳಿಯ ಮನೆಯಂಥ ಕಟ್ಟಡ. ಇಲ್ಲಿಯ ಪೀಠಾಧಿಪತಿಗಳಾಗಿದ್ದ ಕೇಶವಾನಂದ ಭಾರತಿಗಳು, ಕೇರಳದ ಭೂಸುಧಾರಣಾ ಕಾನೂನಿನಿಂದ ಮಠದ ಭೂಮಿ ಕೈತಪ್ಪುವುದರ ವಿರುದ್ಧ 1970ರಲ್ಲಿ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದರು. ಹದಿಮೂರು ನ್ಯಾಯಾಧೀಶರ ಪೀಠವು 68 ದಿನ ಆಲಿಸಿ, 1973ರ ಏಪ್ರಿಲ್ 24ರಂದು ಏಳು ಆರರ ಬಹುಮತದಿಂದ, ಸಂವಿಧಾನವನ್ನು ತಿದ್ದುವ ಅಧಿಕಾರ ಸಂಸತ್ತಿಗಿದ್ದರೂ ಅದರ ಮೂಲಸ್ವರೂಪವನ್ನು ಕೆಡಿಸುವ ಅಧಿಕಾರವಿಲ್ಲವೆಂದು ವಿಧಿಸಿತು. ಮಠಕ್ಕೆ ಭೂಮಿ ಮರಳಲಿಲ್ಲ. ಸಂಗೀತ ಯಕ್ಷಗಾನಗಳಲ್ಲಿ ಪಾರಂಗತರಾಗಿದ್ದ, ಭಾಗವತಿಕೆಯನ್ನು ತಾವೇ ಮಾಡುತ್ತಿದ್ದ ಸ್ವಾಮಿಗಳು 2020ರ ಸೆಪ್ಟೆಂಬರಿನಲ್ಲಿ ಬ್ರಹ್ಮೈಕ್ಯರಾದರು.

ಅದನ್ನೆಲ್ಲ ಕೇಳಿ ಮುಗಿಸಿದ ಶೆಟ್ಟರು, ಗೇಣಿದಾರರಿಗೆ ಹೋದ ಆ ನೆಲದಲ್ಲಿ ಈಗ ಏನು ಬೆಳೆಯುತ್ತಾರೆಂದು ಮಠದ ಪರಿಚಾರಕರನ್ನು ವಿಚಾರಿಸಿದರು. "ಎಂತ ಬೆಳೆಯುವುದು, ಅಡಿಕೆಯೇ" ಎಂದು ಉತ್ತರ ಬಂದಿತು. ಹಾಗಾದರೆ ಅದರಲ್ಲಿ ನಾಲ್ಕು ಮೂಟೆಯಾದರೂ ತಮ್ಮ ಅಂಗಡಿಗೆ ಬಂದೇ ಬಂದಿರಬೇಕೆಂದು ಹೇಳಿ, ಅವರು ಅದರ ಈಚಿನ ಧಾರಣೆಯನ್ನು ಕೇಳತೊಡಗಿದರು.